ಗಿರಣಿ ಸಪ್ಪಳಕ್ಕೆ ಸಿನಿಮಾದ ಕತ್ತಲು ಎಲ್ಲಿಂದ ತರೋದು?

ಪ್ರಶ್ನೆ: ಸರ್, ನಮ್ಮದು ವಾಡಿ. ಈಗ ಕಲಬುರಗಿಯಲ್ಲಿ ಇಂಜಿನಿಯರಿಂಗ್ ಓದುತ್ತಿದ್ದೇನೆ. ನಾನು ಮತ್ತು ನನ್ನ ಕಾಕಾನ ಮಗ ಸೇರಿ ಲ್ಯಾಪ್‌ಟಾಪಿನಲ್ಲಿ ಇಂಡಸ್ಟ್ರಿಯಲ್ ಎಲೆಕ್ಟ್ರಾನಿಕ್ ಸಂಗೀತ, ಅಂದರೆ ಯಂತ್ರದಂಥ ಒರಟು ಸದ್ದುಗಳ ಸಂಗೀತ ಮಾಡುತ್ತೇವೆ. ಹೊರದೇಶದ ಅಂಡರ್‌ಗ್ರೌಂಡ್ ತಂಡಗಳನ್ನು ಕೇಳಿದರೆ ಕಣ್ಣ ಮುಂದೆ ಸಿನಿಮಾ ಓಡುತ್ತದೆ. ಒಂಥರಾ ಕತ್ತಲು, ಒಂಥರಾ ಹೆದರಿಕೆ. ನಮ್ಮದು ಕೇಳಿದರೆ ಬರೀ ಗದ್ದಲ. ಸ್ಯಾಂಪಲ್ ಪ್ಯಾಕ್ (ರೆಡಿಮೇಡ್ ಸದ್ದಿನ ತುಣುಕುಗಳು) ಕೊಂಡೆವು, ಸದ್ದನ್ನು ಒರಟು ಮಾಡುವ ಡಿಸ್ಟಾರ್ಷನ್ ಹಾಕಿದೆವು, ಆದರೂ ಆ ಗುಣ ಬರಲಿಲ್ಲ. ನಮ್ಮವ್ವ "ಇದೇನ್ ಹಾಡೋ, ಗಿರಣಿ ಸಪ್ಪಳೋ" ಅಂತಾರೆ. ಒಂದು ಟ್ರ್ಯಾಕ್ ಕಳಿಸಿದ್ದೇನೆ, ಕೇಳಿ. ಕೈಯಲ್ಲಿ 15 ಸಾವಿರ ರೂಪಾಯಿ ಇದೆ. ಏನು ಕೊಳ್ಳಬೇಕು?

ಉತ್ತರ: ನಿಮ್ಮವ್ವ ಕೇಳಿದ ಪ್ರಶ್ನೆಯನ್ನು ಜನ ನೂರು ವರ್ಷದಿಂದ ಕೇಳುತ್ತಿದ್ದಾರೆ. ಇಟಲಿಯ ಚಿತ್ರಕಾರ ಲುಯಿಜಿ ರುಸೊಲೊ 1913ರಲ್ಲೇ ಯಂತ್ರಗಳ ಸದ್ದಿಗೆ ಸಂಗೀತದಲ್ಲಿ ಜಾಗ ಬೇಕು ಅಂತ ಬರೆದ. ಸುಮ್ನೆ ಬರೆದು ಬಿಡಲಿಲ್ಲ, ಗರ್ರೆನ್ನುವ ಪೆಟ್ಟಿಗೆಗಳನ್ನು ಮಾಡಿ ಜನರ ಮುಂದೆ ನುಡಿಸಿದ. 1948ರಲ್ಲಿ ಪ್ಯಾರಿಸ್ಸಿನ ಪಿಯರ್ ಶೆಫರ್ ರೈಲಿನ ಸದ್ದು ರೆಕಾರ್ಡ್ ಮಾಡಿ, ಅದನ್ನೇ ಕತ್ತರಿಸಿ ಜೋಡಿಸಿ ಒಂದು ರಚನೆ ಮಾಡಿದ. ಇಂಡಸ್ಟ್ರಿಯಲ್ ಅನ್ನೋ ಹೆಸರು ಬಂದದ್ದು ಆಮೇಲೆ. 1975ರಲ್ಲಿ ಇಂಗ್ಲೆಂಡಿನಲ್ಲಿ ಥ್ರಾಬಿಂಗ್ ಗ್ರಿಸಲ್ ತಂಡ ಶುರುವಾಯಿತು. ಮರುವರ್ಷ ಅವರು ಇಂಡಸ್ಟ್ರಿಯಲ್ ರೆಕಾರ್ಡ್ಸ್ ಅಂತ ಸ್ವಂತ ಕಂಪನಿ ತೆರೆದರು. ಆ ಹೆಸರೇ ನಿಂತಿತು. ನಮ್ಮ ದೇಶಕ್ಕೂ ಇದು ತೀರಾ ಹೊಸದಲ್ಲ. ಅಹಮದಾಬಾದಿನ ರಾಷ್ಟ್ರೀಯ ವಿನ್ಯಾಸ ಸಂಸ್ಥೆಯಲ್ಲಿ 1969ರಲ್ಲೇ ಮೂಗ್ ಸಿಂಥಸೈಜರ್ (ವಿದ್ಯುತ್ತಿನಿಂದ ಸದ್ದು ಹುಟ್ಟಿಸುವ ವಾದ್ಯ) ಇಟ್ಟು ಎಲೆಕ್ಟ್ರಾನಿಕ್ ಸ್ಟುಡಿಯೋ ಮಾಡಿದ್ದರು.

ಇತಿಹಾಸ ಇಷ್ಟು ಸಾಕು. ಆದರೆ ಒಂದು ಊರಿನ ಕತೆ ನಿಮಗೆ ಹೇಳಲೇಬೇಕು.

ಸ್ಲೊವೇನಿಯಾದಲ್ಲಿ ಟ್ರಬೋವ್ಲೆ ಅಂತ ಒಂದು ಸಣ್ಣ ಊರಿದೆ. ಅಲ್ಲಿ ಕಲ್ಲಿದ್ದಲು ಗಣಿ ಇತ್ತು, ಸಿಮೆಂಟ್ ಕಾರ್ಖಾನೆ ಇತ್ತು, ವಿದ್ಯುತ್ ಸ್ಥಾವರ ಇತ್ತು. ಆ ಸ್ಥಾವರದ ಚಿಮಣಿ 360 ಮೀಟರ್ ಎತ್ತರ, ಯುರೋಪಿನಲ್ಲೇ ಅತಿ ಎತ್ತರದ್ದು. ಲೈಬಾಖ್ ತಂಡ 1980ರಲ್ಲಿ ಹುಟ್ಟಿದ್ದು ಈ ಊರಿನಲ್ಲಿ. ದೊಡ್ಡ ನಗರದ ಕ್ಲಬ್ಬಿನಲ್ಲಲ್ಲ, ಕಾರ್ಮಿಕರ ಊರಿನಲ್ಲಿ. ಅವರ ಸಂಗೀತದಲ್ಲಿ ಸೈನ್ಯದ ನಡಿಗೆಯಂಥ ಡ್ರಮ್ಮು, ಕಹಳೆ, ಗಡಸು ದನಿ ಎಲ್ಲ ಬಂತು. ಸರ್ಕಾರಕ್ಕೆ ಸಿಟ್ಟು ಬಂತು. 1983ರಲ್ಲಿ ಆ ಹೆಸರು ಬಳಸಬಾರದು ಅಂತ ನಿಷೇಧ ಹಾಕಿದರು. ಅದೇ ತಂಡ 2012ರಲ್ಲಿ ಒಂದು ಪೂರ್ತಿ ಸಿನಿಮಾಕ್ಕೆ ಸಂಗೀತ ಕೊಟ್ಟಿತು. ಈಗ ವಾಡಿ, ಶಹಾಬಾದ್, ಮಳಖೇಡ ನೆನಪಿಸಿಕೊಳ್ಳಿ. ಸಿಮೆಂಟು, ಕಲ್ಲು ಗಣಿ, ಗೂಡ್ಸ್ ರೈಲು, ಧೂಳು. ನೀವು ಸ್ಯಾಂಪಲ್ ಪ್ಯಾಕಿನಲ್ಲಿ ದುಡ್ಡು ಕೊಟ್ಟು ಕೊಂಡಿದ್ದು ಇಂಥದ್ದೇ ಯಾವುದೋ ಊರಿನ ಸದ್ದನ್ನು. ನಿಮ್ಮ ಮನೆ ಹಿಂದೆ ಅದು ಪುಕ್ಕಟೆ ಸಿಗುತ್ತಿದೆ, ಅಲ್ವಾ?

ಇನ್ನು ನಿಮ್ಮ ಟ್ರ್ಯಾಕ್. ಕೇಳಿದೆ. ಕೆಟ್ಟದಾಗಿಲ್ಲ. ಎರಡನೇ ನಿಮಿಷದಲ್ಲಿ ಬರುವ ಕಬ್ಬಿಣದ ಕಿರುಚಾಟ ಚೆನ್ನಾಗಿದೆ. ಆದರೆ ಮೊದಲ ಸೆಕೆಂಡಿಗೇ ಕಿಕ್ (ದಪ್ಪ ಡ್ರಮ್ಮಿನ ಬಡಿತ) ಶುರುವಾಗುತ್ತದೆ, ಕೊನೆಯವರೆಗೂ ಬಿಡುವುದಿಲ್ಲ. ಎಲ್ಲ ಸದ್ದೂ ಕಿವಿಗೆ ಅಂಟಿಕೊಂಡೇ ಇವೆ. ದೂರದಲ್ಲಿ ಏನೂ ಇಲ್ಲ. ಸಮಸ್ಯೆ ಇರೋದು ಇಲ್ಲೇ. ಸದ್ದು ಒರಟಾಗಿದ್ದರೆ ಗದ್ದಲ ಆಗುತ್ತದೆ, ಅಷ್ಟೇ. ಸಿನಿಮಾ ಆಗಬೇಕಾದರೆ ಆ ಸದ್ದಿಗೆ ನಿಲ್ಲಲು ಒಂದು ಜಾಗ ಬೇಕು. ಕೇಳುವವರಿಗೆ ನಾನು ಎಲ್ಲಿ ನಿಂತಿದ್ದೇನೆ, ಆ ಸದ್ದು ಎಷ್ಟು ದೂರ ಇದೆ, ಹತ್ತಿರ ಬರುತ್ತಿದೆಯಾ ಅಂತ ಅನ್ನಿಸಬೇಕು. ಹೆದರಿಕೆ ಹುಟ್ಟೋದು ಅಲ್ಲಿ.

ಕಿವಿ ದೂರವನ್ನು ಹೇಗೆ ಅಳೆಯುತ್ತದೆ ಗೊತ್ತಾ? ಹತ್ತಿರದ ಸದ್ದಿನಲ್ಲಿ ಚೂಪು ಜಾಸ್ತಿ, ಮಾರ್ದನಿ ಕಡಿಮೆ. ದೂರದ ಸದ್ದಿನ ಚೂಪನ್ನು ಗಾಳಿ ನುಂಗುತ್ತದೆ, ಗೋಡೆಗೆ ಬಡಿದು ಬರುವ ಪಾಲು ಹೆಚ್ಚುತ್ತದೆ. ಬರೀ ವಾಲ್ಯೂಮ್ ಇಳಿಸಿದರೆ ಸದ್ದು ದೂರ ಹೋಗುವುದಿಲ್ಲ, ಸಣ್ಣದಾಗುತ್ತದೆ. ಮೇಲಿನ ಆವರ್ತನ ಕತ್ತರಿಸಿ, ಮಾರ್ದನಿಯ ಪಾಲು ಏರಿಸಿ, ಆಮೇಲೆ ವಾಲ್ಯೂಮ್ ಇಳಿಸಿ. ನಿಮ್ಮ ಆ ಕಬ್ಬಿಣದ ಕಿರುಚಾಟವನ್ನೇ ತಗೊಳ್ಳಿ. ಮೊದಲ ನಿಮಿಷದಲ್ಲಿ ಅರ್ಧ ಕಿಲೋಮೀಟರ್ ಆಚೆ ಇಡಿ. ಒಂದು ಸಲ ಮಾತ್ರ ಕೇಳಿಸಲಿ. ಮತ್ತೆ ಸ್ವಲ್ಪ ಹತ್ತಿರ. ಎರಡನೇ ನಿಮಿಷದಲ್ಲಿ ಮಾರ್ದನಿ ಪೂರ್ತಿ ತೆಗೆದು ಕಿವಿ ಪಕ್ಕದಲ್ಲೇ ತನ್ನಿ. ಅದೇ ಸದ್ದು, ಒಂದು ಹೊಸ ಸ್ಯಾಂಪಲ್ಲೂ ಬೇಕಿಲ್ಲ. ಕೇಳುವವರು ಒಮ್ಮೆ ಹಿಂದೆ ತಿರುಗಿ ನೋಡುತ್ತಾರೆ.

ಇಂಡಸ್ಟ್ರಿಯಲ್ ಮಾಡುತ್ತಿದ್ದವರು ಸಿನಿಮಾಕ್ಕೆ ಹೋಗಿ ಗೆದ್ದದ್ದಕ್ಕೂ ಈ ಲೆಕ್ಕವೇ ಕಾರಣ ಅಂತ ನನ್ನ ಅನಿಸಿಕೆ. 1978ರಲ್ಲಿ ಸಿಡ್ನಿಯಲ್ಲಿ ಶುರುವಾದ ಎಸ್‌ಪಿಕೆ ತಂಡದ ಗ್ರೇಮ್ ರೆವೆಲ್ ಮುಂದೆ ಹಾಲಿವುಡ್ಡಿನಲ್ಲಿ ದೊಡ್ಡ ಹಿನ್ನೆಲೆ ಸಂಗೀತಗಾರರಾದರು. ನೈನ್ ಇಂಚ್ ನೇಲ್ಸ್‌ನ ಟ್ರೆಂಟ್ ರೆಜ್ನರ್, ಅಟಿಕಸ್ ರಾಸ್ ಅವರಿಗೆ 2011ರಲ್ಲಿ ಆಸ್ಕರ್ ಬಂತು. ವೇಲ್ಸ್‌ನ ಬ್ರಯನ್ ವಿಲಿಯಮ್ಸ್, ಲಸ್ಟ್‌ಮಾರ್ಡ್ ಅಂತ ಹೆಸರಿಟ್ಟುಕೊಂಡವರು, ಗುಹೆ ಮತ್ತು ಚರ್ಚಿನ ನೆಲಮಾಳಿಗೆಗಳಿಗೆ ಹೋಗಿ ರೆಕಾರ್ಡ್ ಮಾಡಿದರು. ಅವರಿಗೆ ಬೇಕಾಗಿದ್ದು ಆ ಜಾಗದ ಉಸಿರು.

ನಮ್ಮಲ್ಲಿ ಅಂಥ ಜಾಗಕ್ಕೆ ಬರ ಇಲ್ಲ. ಕಲಬುರಗಿ ಕೋಟೆಯೊಳಗಿನ ಜಾಮಿಯಾ ಮಸೀದಿ ನೋಡಿದ್ದೀರಾ? 1367ರದ್ದು. ಬೇರೆ ಮಸೀದಿಗಳಂತೆ ಅದಕ್ಕೆ ತೆರೆದ ಅಂಗಳ ಇಲ್ಲ, ಇಡೀ ಜಾಗ ಗುಮ್ಮಟಗಳಿಂದ ಮುಚ್ಚಿದೆ. ಅಲ್ಲಿ ಹೋಗಿ ಕಂಬಗಳ ನಡುವೆ ನಿಧಾನಕ್ಕೆ ನಡೆಯಿರಿ. ನಿಮ್ಮ ಹೆಜ್ಜೆ ಸದ್ದು ಒಂದೊಂದು ಕಮಾನಿನ ಕೆಳಗೆ ಹೇಗೆ ಬದಲಾಗುತ್ತದೆ ಕೇಳಿ. ರೆಕಾರ್ಡರ್ ಬೇಡ, ಕಿವಿ ಸಾಕು. ಅದು ಪ್ರಾರ್ಥನೆಯ ಜಾಗ, ಪುರಾತತ್ವ ಇಲಾಖೆಯ ಸುಪರ್ದಿಯಲ್ಲೂ ಇದೆ. ಬೀದರಿಗೆ ಹೋದರೆ ನೌಬಾದ್ ಹತ್ತಿರ 15ನೇ ಶತಮಾನದ ಕರೇಜ್ ಇದೆ. ನೆಲದಡಿ ಕೊರೆದ ನೀರಿನ ಸುರಂಗ, ಮೇಲೆ ಅಲ್ಲಲ್ಲಿ ಬಾವಿಯಂಥ ಕಿಂಡಿಗಳು. ಕಿಂಡಿಯ ಹತ್ತಿರ ನಿಂತು ಕಿವಿಗೊಡಿ, ಒಳಗೆ ಇಳಿಯಬೇಡಿ.

ಜಾಗದ ಮಾರ್ದನಿಯನ್ನು ಹಿಡಿದು ಮನೆಗೆ ತರೋದಕ್ಕೆ ಒಂದು ಉಪಾಯ ಇದೆ. ಸಿಗ್ನಲ್ಸ್ ಆಂಡ್ ಸಿಸ್ಟಮ್ಸ್ ಓದಿದ್ದರೆ ನಿಮಗೆ ಆಗಲೇ ಅರ್ಧ ಗೊತ್ತು. ಇಂಪಲ್ಸ್ ರೆಸ್ಪಾನ್ಸ್. ಖಾಲಿ ತೊಗರಿ ಗೋಡೌನಿನಲ್ಲಿ ಒಂದು ಬಲೂನು ಒಡೆಯಿರಿ, ಹತ್ತು ಹೆಜ್ಜೆ ದೂರದಲ್ಲಿ ರೆಕಾರ್ಡರ್ ಇಡಿ. ಆ ಪಟ್ ಸದ್ದಿನಲ್ಲಿ ಹೆಚ್ಚುಕಡಿಮೆ ಎಲ್ಲ ಆವರ್ತನವೂ ಇರುತ್ತದೆ. ಅದರ ಹಿಂದೆ ಬರುವ ಬಾಲವೇ ಆ ಗೋಡೌನು. ಆ ಫೈಲನ್ನು ಮಾರ್ದನಿ ಸೇರಿಸುವ ಸಾಫ್ಟ್‌ವೇರ್ ಆದ ಕನ್ವಲ್ಯೂಷನ್ ರಿವರ್ಬ್‌ಗೆ ಹಾಕಿದರೆ ನಿಮ್ಮ ಸಿಂಥ್ ಆ ಗೋಡೌನಿನಲ್ಲಿ ನುಡಿದಂತೆ ಕೇಳಿಸುತ್ತದೆ. ಪುಕ್ಕಟೆ ಪ್ಲಗಿನ್‌ಗಳು ಸಿಗುತ್ತವೆ. ಕೋಟೆಯಲ್ಲಿ, ಮಸೀದಿಯಲ್ಲಿ, ಗುಡಿಯಲ್ಲಿ ಮಾತ್ರ ಬಲೂನು ಒಡೆಯೋ ಕೆಲಸ ಮಾಡಬೇಡಿ. ಪರಿಚಯದ ದಾಲ್ ಮಿಲ್ ಮಾಲೀಕರು ಯಾರಾದರೂ ಇದ್ದರೆ ಸೀಸನ್ ಮುಗಿದ ಮೇಲೆ ಗೋಡೌನ್ ಖಾಲಿ ಇರುತ್ತದೆ, ಕೇಳಿ ನೋಡಿ. ಫರ್ಸಿ (ನೆಲಕ್ಕೆ ಹಾಸುವ ಕಲ್ಲು) ಗಣಿಯಲ್ಲಿ ಬೇರೆ ಥರದ ಫಲ ಸಿಗುತ್ತದೆ. ಮೇಲೆ ಛಾವಣಿ ಇಲ್ಲ, ಹಾಗಾಗಿ ಮಾರ್ದನಿ ಉದ್ದ ಇರುವುದಿಲ್ಲ. ಆದರೆ 34 ಮೀಟರ್ ಆಚೆಯ ಕಲ್ಲಿನ ಗೋಡೆಗೆ ಬಡಿದ ಸದ್ದು 0.2 ಸೆಕೆಂಡಿಗೆ ಚಟಾರಂತ ವಾಪಸ್ ಬರುತ್ತದೆ. ನೀರು ತುಂಬಿದ ಹಳೆ ಗಣಿಯ ಅಂಚಿಗೆ ಹೋಗಬೇಡಿ. ಒಬ್ಬರೇ ಅಂತೂ ಬೇಡ.

ಈಗ ನನಗೆ ತುಂಬಾ ಇಷ್ಟದ ವಿಷಯಕ್ಕೆ ಬರುತ್ತೇನೆ: ಶ್ರುತಿ. ನಿಮ್ಮ ಟ್ರ್ಯಾಕಿನಲ್ಲಿ ಕೆಳಗೆ ಒಂದು ಡ್ರೋನ್, ಅಂದರೆ ಎಡೆಬಿಡದೆ ನುಡಿಯುವ ಸ್ವರ ಇದೆ, ಆದರೆ ಅದು ಯಾವ ಸ್ವರ ಅಂತ ನೀವು ಆರಿಸಿದಂತಿಲ್ಲ. ಸಾಫ್ಟ್‌ವೇರ್ ಕೊಟ್ಟ ಸಿ ಸ್ವರದಲ್ಲೇ ಬಿಟ್ಟಿದ್ದೀರಿ. ನಮ್ಮ ಕರೆಂಟು 50 ಹರ್ಟ್ಸ್. ಟ್ರಾನ್ಸ್‌ಫಾರ್ಮರ್ ಇರುವ ಬೀದಿಯಲ್ಲಿ ರಾತ್ರಿ ಕೇಳುವ ಗುಂಯ್ ಅನ್ನೋ ಸದ್ದು ಅದರ ಎರಡರಷ್ಟು, 100 ಹರ್ಟ್ಸ್. ಒಳಗಿನ ಕಬ್ಬಿಣದ ತಿರುಳು ಕರೆಂಟಿನ ಒಂದು ಸುತ್ತಿಗೆ ಎರಡು ಸಲ ಹಿಗ್ಗಿ ಕುಗ್ಗುತ್ತದೆ, ಅದಕ್ಕೇ ಎರಡರಷ್ಟು. ಈಗ ಹಾರ್ಮೋನಿಯಮ್ಮಿನ ಬಿಳಿ ಐದು, ಅಂದರೆ ಜಿ ಸ್ವರ, ಕೆಳ ಸಪ್ತಕದಲ್ಲಿ 98 ಹರ್ಟ್ಸ್. ಅದಕ್ಕೂ ಕೆಳಗಿನ ಸಪ್ತಕದಲ್ಲಿ 49. ಎಷ್ಟು ಹತ್ತಿರ ನೋಡಿ! ನಮ್ಮ ಬೀದಿಯ ಟ್ರಾನ್ಸ್‌ಫಾರ್ಮರ್ ಬಿಳಿ ಐದಕ್ಕಿಂತ 35 ಸೆಂಟ್ ಮೇಲೆ ಹಾಡುತ್ತಿದೆ. ಒಂದು ಅರ್ಧ ಸ್ವರದ ಮೂರನೇ ಒಂದು ಪಾಲು.

ಇದರಿಂದ ಎರಡು ದಾರಿ ತೆರೆಯುತ್ತವೆ. ಸಾಫ್ಟ್‌ವೇರಿನ ಟ್ಯೂನಿಂಗನ್ನು 440 ಹರ್ಟ್ಸ್‌ನಿಂದ 449ಕ್ಕೆ ಏರಿಸಿದರೆ ನಿಮ್ಮ ಜಿ ಮತ್ತು ಕರೆಂಟಿನ ಸದ್ದು ಒಂದಕ್ಕೊಂದು ಕೂಡುತ್ತವೆ. ಆಗ ಟ್ರಾನ್ಸ್‌ಫಾರ್ಮರ್, ಟ್ಯೂಬ್‌ಲೈಟಿನ ಚೋಕು, ವೆಲ್ಡಿಂಗ್ ಮಷೀನು ಎಲ್ಲವೂ ನಿಮಗೆ ತಂಬೂರಿ. ಇಲ್ಲಾ, ಟ್ಯೂನಿಂಗ್ ಹಾಗೇ ಬಿಡಿ. ಆಗ 98 ಮತ್ತು 100ರ ನಡುವೆ ಜಗಳ ಶುರುವಾಗಿ ಸೆಕೆಂಡಿಗೆ ಎರಡು ಸಲ ಮಿಡಿತ ಕೇಳಿಸುತ್ತದೆ. ಗ್ರಿಡ್ಡಿನ ಆವರ್ತನ ಸದಾ ಒಂಚೂರು ಆಚೀಚೆ ಆಗುತ್ತಿರುತ್ತದೆ, ಹಾಗಾಗಿ ಆ ಮಿಡಿತವೂ ನಿಧಾನಕ್ಕೆ ಬದಲಾಗುತ್ತದೆ. ಕಂಪ್ಯೂಟರಿನಲ್ಲಿ ಎಷ್ಟು ತಿಣುಕಿದರೂ ಈ ಜೀವಂತಿಕೆ ಬರುವುದಿಲ್ಲ. ಅಮೆರಿಕದಲ್ಲಿ ಕರೆಂಟು 60 ಹರ್ಟ್ಸ್, ಅಲ್ಲಿನ ತಂಡಗಳ ಹಮ್ಮಿನ ಸ್ವರವೇ ಬೇರೆ. ರೆಕಾರ್ಡ್ ಮಾಡುವಾಗ ಟ್ರಾನ್ಸ್‌ಫಾರ್ಮರ್ ಬೇಲಿಯಿಂದ ದೂರ ನಿಲ್ಲಿ, ಇದನ್ನು ಹೇಳಬೇಕಾಗಿಲ್ಲ ಅಂದುಕೊಂಡಿದ್ದೇನೆ.

ಫೋನಿನ ಸ್ಪೀಕರಿನಲ್ಲಿ 50 ಹರ್ಟ್ಸ್ ಕೇಳಿಸುವುದೇ ಇಲ್ಲ. ನಮ್ಮ ಜನ ಕೇಳೋದು ಫೋನಿನಲ್ಲೇ. ನಿಮ್ಮ ಡಿಸ್ಟಾರ್ಷನ್ ಉಪಯೋಗಕ್ಕೆ ಬರೋದು ಇಲ್ಲಿ. ಡ್ರೋನಿಗೆ ಹದವಾಗಿ ಹಾಕಿದರೆ 100, 150, 200 ಹರ್ಟ್ಸ್‌ನ ಎಳೆಗಳು ಹುಟ್ಟುತ್ತವೆ. ಮೇಲಿನ ಎಳೆಗಳನ್ನು ಕೇಳಿದ ಮೆದುಳು ಇಲ್ಲದ ಕೆಳಸ್ವರವನ್ನು ತಾನೇ ತುಂಬಿಕೊಳ್ಳುತ್ತದೆ. ಕಿಕ್ಕಿಗೆ, ದನಿಗೆ, ತಾಳಕ್ಕೆ ಎಲ್ಲದಕ್ಕೂ ಹಾಕಿದ್ದೀರಲ್ಲ, ಅದನ್ನು ತೆಗೆಯಿರಿ.

ಸದ್ದು ಸಂಗ್ರಹಕ್ಕೆ ಬರೋಣ. ಪಿಯೆಜೊ ಬಿಲ್ಲೆ ಗೊತ್ತಲ್ವಾ, ಬಜರಿನೊಳಗಿರುವ ಹಿತ್ತಾಳೆ ಬಣ್ಣದ ತಗಡು. ಕಲಬುರಗಿಯ ಸೂಪರ್ ಮಾರ್ಕೆಟ್ ಕಡೆಯ ಎಲೆಕ್ಟ್ರಾನಿಕ್ಸ್ ಅಂಗಡಿಗಳಲ್ಲಿ ಕೇಳಿ, ಚಿಲ್ಲರೆ ದುಡ್ಡಿಗೆ ಸಿಗುವ ಸಾಮಾನು. ಅದಕ್ಕೆ ಶೀಲ್ಡ್ ಇರುವ ವೈರ್ ಬೆಸುಗೆ ಹಾಕಿ, ಟೇಪು ಸುತ್ತಿದರೆ ಕಾಂಟ್ಯಾಕ್ಟ್ ಮೈಕ್ ರೆಡಿ. ಇದು ಗಾಳಿಯ ಸದ್ದು ಹಿಡಿಯುವುದಿಲ್ಲ, ವಸ್ತುವಿನ ಒಳಗಿನ ನಡುಕ ಹಿಡಿಯುತ್ತದೆ. ನೇರವಾಗಿ ಲ್ಯಾಪ್‌ಟಾಪಿನ ಮೈಕ್ ಜಾಕಿಗೆ ಚುಚ್ಚಿದರೆ ಕೆಳಸ್ವರವೆಲ್ಲ ಮಾಯ, ಬರೀ ಟಿಕ್ ಟಿಕ್ ಉಳಿಯುತ್ತದೆ. ಪಿಯೆಜೊಗೆ ಮುಂದೆ ಒಂದು ಮೆಗಾಓಮ್ ಅಥವಾ ಹೆಚ್ಚಿನ ಇನ್‌ಪುಟ್ ಬೇಕು. ಒಂದು ಜೆಫೆಟ್ ಟ್ರಾನ್ಸಿಸ್ಟರ್, ಕೆಲವು ರೆಸಿಸ್ಟರ್, ಕೆಪಾಸಿಟರ್, 9 ವೋಲ್ಟ್ ಬ್ಯಾಟರಿ ಸೇರಿಸಿ ಬಫರ್, ಅಂದರೆ ನಡುವೆ ನಿಲ್ಲುವ ಸಣ್ಣ ಸರ್ಕ್ಯೂಟ್ ಮಾಡಿಕೊಳ್ಳಿ. ಲ್ಯಾಬಿನಲ್ಲಿ ಒಂದು ಮಧ್ಯಾಹ್ನದ ಕೆಲಸ.

ಎಲ್ಲಿಗೆ ಅಂಟಿಸೋದು? ಬೋರಿನ ಹ್ಯಾಂಡ್‌ಪಂಪಿಗೆ. ಪತ್ರಾಸ್ ಶೆಡ್ಡಿಗೆ, ಗಾಳಿ ಬೀಸುವಾಗ. ಓಡುತ್ತಿರುವ ಹಿಟ್ಟಿನ ಗಿರಣಿಯ ಚೌಕಟ್ಟಿಗೆ, ಬೆಲ್ಟಿನಿಂದ ದೂರ. ಮತ್ತೆ ಫರ್ಸಿಗೆ. ಶಹಾಬಾದ್ ಕಲ್ಲನ್ನು ನಾವು ನೆಲಕ್ಕೆ ಹಾಸಿ ಮರೆತುಬಿಟ್ಟಿದ್ದೇವೆ, ಅದು ಒಳ್ಳೆ ವಾದ್ಯ. ಬಿರುಕಿಲ್ಲದ ಕಲ್ಲಾದರೆ ಝಣ್ ಅನ್ನುತ್ತದೆ, ಬಿರುಕಿದ್ದರೆ ಬೊದ್ ಅನ್ನುತ್ತದೆ. ಒಂದು ಮೀಟರ್ ಉದ್ದದ ಕಿರುಪಟ್ಟಿ ಕೊಯ್ಸಿಕೊಳ್ಳಿ. ಎರಡೂ ತುದಿಯಿಂದ 22 ಸೆಂಟಿಮೀಟರ್ ಒಳಗೆ ಹಗ್ಗದ ಸುರುಳಿ ಇಟ್ಟು ಅದರ ಮೇಲೆ ಕೂರಿಸಿ. ಪಟ್ಟಿ ಕಂಪಿಸುವಾಗ ಅಲುಗದೆ ನಿಲ್ಲುವ ಜಾಗ ಅದು, ಹಾಗಾಗಿ ಸದ್ದು ಸಾಯುವುದಿಲ್ಲ. ಉದ್ದ ಅರ್ಧ ಮಾಡಿದರೆ ಸ್ವರ ಎರಡು ಸಪ್ತಕ ಮೇಲೇರುತ್ತದೆ. ಲೆಕ್ಕ ಹಾಕಿ ಏಳು ಪಟ್ಟಿ ಮಾಡಿಸಿದರೆ ನಿಮ್ಮ ತಂಡದ ಬಳಿ ಬೇರೆ ಯಾರ ಹತ್ತಿರವೂ ಇಲ್ಲದ ವಾದ್ಯ ಇರುತ್ತದೆ. ಇದನ್ನು 96 ಕಿಲೋಹರ್ಟ್ಸ್‌ನಲ್ಲಿ ರೆಕಾರ್ಡ್ ಮಾಡಿ ಕಾಲುಪಟ್ಟು ವೇಗಕ್ಕೆ ಇಳಿಸಿ. ಎರಡು ಸಪ್ತಕ ಕೆಳಗೆ ಹೋಗುತ್ತದೆ, ನಾಲ್ಕು ಪಟ್ಟು ಉದ್ದವಾಗುತ್ತದೆ, ಮಂಕಾಗುವುದಿಲ್ಲ.

ಕಾರ್ಖಾನೆಯೊಳಗೆ ಅನುಮತಿ ಇಲ್ಲದೆ ಹೋಗಬೇಡಿ. ರೈಲ್ವೆ ಯಾರ್ಡಿಗೂ ಅಷ್ಟೇ. ಗೇಟಿನ ಹೊರಗೆ ರಸ್ತೆಯಲ್ಲಿ ನಿಂತರೆ ವಾಡಿಯ ಗೂಡ್ಸ್ ರೈಲು ಬೇಕಾದಷ್ಟು ಕೊಡುತ್ತದೆ. ಬೀದರಿನ ವಾಯುನೆಲೆ ಸುತ್ತ ರೆಕಾರ್ಡರ್ ತೆಗೆಯಲೇಬೇಡಿ. ಷೆಫೀಲ್ಡಿನ ಕ್ಯಾಬರೆ ವೋಲ್ಟೇರ್ ತಂಡದಲ್ಲಿದ್ದ ಕ್ರಿಸ್ ವಾಟ್ಸನ್ ಆಮೇಲೆ ಕಾಡು, ಪ್ರಾಣಿಗಳ ಸದ್ದು ಹಿಡಿಯುವ ದೊಡ್ಡ ರೆಕಾರ್ಡಿಸ್ಟ್ ಆದರು. ಮೆಕ್ಸಿಕೋದ ನಿಂತುಹೋದ ಒಂದು ರೈಲು ಮಾರ್ಗದ ಸದ್ದಿನಿಂದಲೇ 2011ರಲ್ಲಿ ಒಂದು ಇಡೀ ಆಲ್ಬಂ ಮಾಡಿದರು. ಅದನ್ನು ಹುಡುಕಿ ಕೇಳಿ. ಡ್ರಮ್ ಮಷೀನ್ ತಾಳಕ್ಕಿಂತ ಹಳಿಯ ತಾಳ ಎಷ್ಟು ಗಂಭೀರ ಅಂತ ತಿಳಿಯುತ್ತದೆ.

ವೇಗದ ಮಾತು. ನಿಮ್ಮದು ನಿಮಿಷಕ್ಕೆ 138 ಬಡಿತ ಇದೆ. ಬೆಲ್ಜಿಯಮ್ಮಿನ ಫ್ರಂಟ್ 242 ತಂಡದ ಥರ ಕುಣಿಸೋದು ನಿಮ್ಮ ಉದ್ದೇಶವಾದರೆ ಬೇಗ ಇರಲಿ. ಕತ್ತಲು ಬೇಕಾದರೆ 64ಕ್ಕೆ ಇಳಿಸಿ. 64 ಸುಮ್ನೆ ಹೇಳಿದ್ದಲ್ಲ. ಸಿಮೆಂಟ್ ಕಾರ್ಖಾನೆಯ ಕಿಲ್ನ್, ಒಳಗಿನ ಕಲ್ಲುಪುಡಿಯನ್ನು 1450 ಡಿಗ್ರಿಗೆ ಕಾಯಿಸುವ ಆ ಉದ್ದದ ಕೊಳವೆ, ನಿಮಿಷಕ್ಕೆ 3ರಿಂದ 5 ಸುತ್ತು ತಿರುಗುತ್ತದೆ. ನಾಲ್ಕು ಸುತ್ತು ಅಂತ ಹಿಡಿದರೆ ಒಂದು ಸುತ್ತಿಗೆ 15 ಸೆಕೆಂಡು. 64ರ ವೇಗದಲ್ಲಿ 16 ಬಡಿತಕ್ಕೆ ಸರಿಯಾಗಿ 15 ಸೆಕೆಂಡು. ಇಡೀ ಟ್ರ್ಯಾಕನ್ನು ಆ ಸುತ್ತಿನ ಮೇಲೆ ಕಟ್ಟಿ. ಪ್ರತಿ ಸುತ್ತಿಗೆ ಒಂದೇ ಒಂದು ವಿಷಯ ಬದಲಾಗಲಿ. ಒಂದು ಸದ್ದು ಸೇರಲಿ, ಇಲ್ಲಾ ಒಂದು ಹೋಗಲಿ. ಮೊದಲ ಮೂರು ಸುತ್ತು ಕಿಕ್ ಬೇಡ.

ಕಿಕ್ಕಿಗೆ ಹಲಗೆ ವಾದ್ಯ ಬಳಸಿ. ಬೆಂಕಿಗೆ ಕಾಯಿಸಿದ ಹಲಗೆ ಚಟಚಟ ಅನ್ನುತ್ತದೆ, ಆರಿದ ಮೇಲೆ ಚರ್ಮ ಸಡಿಲಾಗಿ ಸ್ವರ ಇಳಿಯುತ್ತದೆ. ಎಲ್ಲರೂ ಕಾಯಿಸಿದ್ದನ್ನೇ ರೆಕಾರ್ಡ್ ಮಾಡುತ್ತಾರೆ. ನೀವು ಆರಿದ್ದನ್ನೂ ಮಾಡಿ, ಅರ್ಧ ವೇಗಕ್ಕೆ ಇಳಿಸಿ. ಕೊಂಡ ಕಿಕ್ ಯಾವುದೂ ಅದರ ಮುಂದೆ ನಿಲ್ಲುವುದಿಲ್ಲ. ಬಾರಿಸಿದವರಿಗೆ ದುಡ್ಡು ಕೊಡಿ, ಹೆಸರು ಹಾಕಿ.

ಒಂದು ಎಚ್ಚರಿಕೆ. ಆಜಾನ್, ಮೊಹರಂ ಪದ, ಪುರವಂತರ ಒಡಪು ಇವನ್ನೆಲ್ಲ ಎಳೆದು ತಿರುಚಿ ಭೂತದ ಸಿನಿಮಾ ಮಾಡೋ ಆಸೆ ಬರುತ್ತದೆ. ಬೇಡ. ಒಬ್ಬರ ಭಕ್ತಿಯನ್ನು ಇನ್ನೊಬ್ಬರಿಗೆ ಹೆದರಿಕೆ ಮಾಡಿ ಮಾರುವುದು ಸೋಮಾರಿ ಕೆಲಸ. ಈ ಸಂಗೀತದ ಹಳೆ ತಂಡಗಳಲ್ಲಿ ಕೆಲವರು ಜನರನ್ನು ಬೆಚ್ಚಿಬೀಳಿಸಲು ನಾಜಿ ಗುರುತು, ಹೆಣದ ಚಿತ್ರ ಎಲ್ಲ ಬಳಸಿದರು. ಅದನ್ನೂ ನಕಲು ಮಾಡಬೇಡಿ, ಇವತ್ತು ಅದು ಬರೀ ಹಳಸಲು.

ನಿಮ್ಮ ಟ್ರ್ಯಾಕಿನಲ್ಲಿ ಇಂಗ್ಲಿಷ್ ಸಿನಿಮಾದ ಡೈಲಾಗ್ ತುಂಡು ಇದೆ. ಬಿಡುಗಡೆ ಮಾಡುವುದಾದರೆ ಹಕ್ಕಿನ ತಕರಾರು ಬರುತ್ತದೆ. ಅದಕ್ಕಿಂತ ಮುಖ್ಯ, ಆ ದನಿ ಬೇರೆ ಊರಿನದ್ದು. ಲಂಡನ್ನಿನ ಟೆಸ್ಟ್ ಡಿಪಾರ್ಟ್‌ಮೆಂಟ್ ತಂಡ ಹಳೇ ಕಬ್ಬಿಣ ಬಾರಿಸುತ್ತಿತ್ತು. 1984-85ರ ಗಣಿ ಮುಷ್ಕರದ ಹೊತ್ತಿಗೆ ಅವರು ವೇಲ್ಸ್‌ನ ಮುಷ್ಕರನಿರತ ಗಣಿ ಕಾರ್ಮಿಕರ ಗಾಯನ ತಂಡದ ಜೊತೆ ಸೇರಿ ಹಾಡಿದರು. ನಿಮ್ಮೂರಲ್ಲಿ ಕಾರ್ಖಾನೆಯಲ್ಲಿ ದುಡಿದು ನಿವೃತ್ತರಾದ ಕಾಕಾ, ಮಾಮಾ ಇದ್ದೇ ಇರುತ್ತಾರೆ. ರಾತ್ರಿ ಪಾಳಿ ಹೇಗಿರುತ್ತಿತ್ತು ಅಂತ ಕೇಳಿ, ಒಪ್ಪಿಗೆ ತಗೊಂಡು ರೆಕಾರ್ಡ್ ಮಾಡಿ. ಕಲಬುರಗಿಯ ಎಂಎಸ್‌ಕೆ ಬಟ್ಟೆ ಮಿಲ್ ನಿಂತು ಎಷ್ಟೋ ವರ್ಷ ಆಯ್ತು. ಅಲ್ಲಿ ದುಡಿದವರು ಸಿಕ್ಕರೆ ಮಿಲ್ಲಿನ ಭೋಂಗಾ ಹೇಗೆ ಕೂಗುತ್ತಿತ್ತು ಅಂತ ಬಾಯಲ್ಲೇ ಮಾಡಿ ತೋರಿಸಲು ಹೇಳಿ. ಹಾಡೇ ಬೇಕು ಅಂದರೆ ಕಡಕೋಳ ಮಡಿವಾಳಪ್ಪನವರ ತತ್ವಪದ ಇದೆ. ಪದ ನಮ್ಮೆಲ್ಲರದ್ದು. ಬೇರೆಯವರು ಹಾಡಿದ ರೆಕಾರ್ಡಿಂಗ್ ಮಾತ್ರ ಅವರದ್ದು. ನೀವೇ ಹೇಳಿ, ಕೂಗದೆ, ಪಿಸುಮಾತಿನಲ್ಲಿ, ಮೈಕಿಗೆ ಬಾಯಿ ಹತ್ತಿರ ಇಟ್ಟು.

ವಾಲ್ಯೂಮ್ ಬಗ್ಗೆ ಎರಡು ಮಾತು. ಎಲ್ಲವನ್ನೂ ಲಿಮಿಟರಿನಲ್ಲಿ ಹಿಂಡಿ ಗರಿಷ್ಠಕ್ಕೆ ಏರಿಸಿದ್ದೀರಿ. ಸ್ಟ್ರೀಮಿಂಗ್ ಸೈಟುಗಳಲ್ಲಿ ಹಲವು ಜೋರು ಅಳೆಯುವ ಲೆಕ್ಕದಲ್ಲಿ ಸುಮಾರು ಮೈನಸ್ 14 ಲಫ್ಸ್‌ಗೆ ಎಲ್ಲರನ್ನೂ ಇಳಿಸುತ್ತವೆ. ಹಿಂಡಿದ್ದು ಹಿಂಡಿದಂತೆಯೇ ಉಳಿಯುತ್ತದೆ, ಜೋರು ಮಾತ್ರ ಸಿಗುವುದಿಲ್ಲ. ಕಿವಿಯನ್ನೂ ನೋಡಿಕೊಳ್ಳಿ. 85 ಡೆಸಿಬೆಲ್ ಆದರೆ ದಿನಕ್ಕೆ 8 ಗಂಟೆ ತಡೆಯಬಹುದು ಅನ್ನುತ್ತಾರೆ, ಪ್ರತಿ 3 ಡೆಸಿಬೆಲ್ ಏರಿಕೆಗೆ ಸಮಯ ಅರ್ಧ ಆಗುತ್ತದೆ. 100ಕ್ಕೆ ಬಂದರೆ ಕಾಲು ಗಂಟೆ ಅಷ್ಟೇ.

ಕೊನೆಗೆ 15 ಸಾವಿರ. ಕೈಯಲ್ಲಿ ಹಿಡಿಯುವ ಒಂದು ರೆಕಾರ್ಡರ್ ತಗೊಳ್ಳಿ, 24 ಬಿಟ್, 96 ಕಿಲೋಹರ್ಟ್ಸ್ ಇರುವಂಥದ್ದು, ಹೊರಗಿನ ಮೈಕಿಗೆ ಜಾಕ್ ಇರಲಿ. ಸುಮಾರು 8ರಿಂದ 10 ಸಾವಿರದೊಳಗೆ ಆಗುತ್ತದೆ. ಜೊತೆಗೆ ಗಾಳಿ ತಡೆಯುವ ತುಪ್ಪಳದ ಟೊಪ್ಪಿಗೆ, ನಮ್ಮ ಬಿಸಿಲುಗಾಳಿಗೆ ಅದಿಲ್ಲದೆ ಕೆಲಸ ಆಗಲ್ಲ. ಮೂರು ಸಾವಿರದ ಸುಮಾರಿಗೆ ಕಿವಿ ಮುಚ್ಚುವ ಹೆಡ್‌ಫೋನ್. ಪಿಯೆಜೊ, ಬಫರು, ವೈರು ಎಲ್ಲ ಸೇರಿ ಐನೂರು ದಾಟುವುದಿಲ್ಲ. ಸಿಂಥ್ ಕೊಳ್ಳಬೇಡಿ, ಲ್ಯಾಪ್‌ಟಾಪಿನಲ್ಲಿ ಇರುವುದು ಸಾಕು. ಉಳಿದದ್ದನ್ನು ಹಲಗೆಯವರಿಗೆ ಮತ್ತು ಶಹಾಬಾದಿನಲ್ಲಿ ಕಲ್ಲು ಕೊಯ್ಸೋದಕ್ಕೆ ಇಟ್ಟುಕೊಳ್ಳಿ. ಮುಂದಿನ ಸಲ ಟ್ರ್ಯಾಕ್ ಕಳಿಸುವಾಗ ಎಂಪಿ3 ಬೇಡ, ವೇವ್ ಫೈಲ್ ಕಳಿಸಿ. ಆ ಕಬ್ಬಿಣದ ಕಿರುಚಾಟವನ್ನು ಬೇರೆ ಟ್ರ್ಯಾಕಾಗಿ ಇಡಿ, ಅದು ಎಷ್ಟು ದೂರ ಹೋಗಿದೆ ನೋಡೋಣ.